ಗಡಿಯಾರ ಬಿಚ್ಚಿದ ಹುಡುಗಿ: ಗಣಿತ ಶಿಕ್ಷಕಿ ಗ್ರೇಸ್ ಹಾಪರ್

ಬೋಧನಾಭ್ಯಾಸದ ಎರಡನೆಯ ವಾರದಲ್ಲಿ ನನ್ನ ವೀಕ್ಷಣಾ ಪಾಠವಿತ್ತು. ಸರ್ಕಾರಿ ಪ್ರೌಢಶಾಲೆಯ ಒಂಬತ್ತನೇ ತರಗತಿ, ಪಾಠ ಗುರುತ್ವಾಕರ್ಷಣೆ. ಗ್ರಹಗಳ ಚಲನೆಯನ್ನು ತೋರಿಸುವ ಒಂದು ತಂತ್ರಾಂಶವನ್ನು ಪೆನ್‌ಡ್ರೈವ್‌ನಲ್ಲಿ ಹಾಕಿಕೊಂಡು ಹೋಗಿದ್ದೆ. ಪಾಠಯೋಜನೆಯ ಬೋಧನೋಪಕರಣದ ಕಾಲಂನಲ್ಲಿ ಅದೊಂದನ್ನೇ ಬರೆದಿದ್ದೆ. ಕೊನೆಯ ಬೆಂಚಿನಲ್ಲಿ ಮಾರ್ಗದರ್ಶಕ ಮೇಡಂ ವೀಕ್ಷಣಾ ಹಾಳೆ ಹಿಡಿದು ಕುಳಿತಿದ್ದರು. ಶಾಲೆಯ ಕಂಪ್ಯೂಟರಿನಲ್ಲಿ ತಂತ್ರಾಂಶದ ಚಿತ್ರದ ಮೇಲೆ ಎರಡು ಸಲ ಒತ್ತಿದೆ. ಗ್ರಹಗಳು ಬರಲಿಲ್ಲ. ಡಿಎಲ್‌ಎಲ್ ಎಂದು ಕೊನೆಗೊಳ್ಳುವ ಯಾವುದೋ ಫೈಲು ಸಿಗುತ್ತಿಲ್ಲ ಎಂಬ ಸಣ್ಣ ಕಿಟಕಿ ಬಂತು.

ನಾನು ಮಕ್ಕಳಿಗೆ, ಕಂಪ್ಯೂಟರ್ ಹಳೆಯದು, ಅದಕ್ಕೇ ಹೀಗೆ ಎಂದುಬಿಟ್ಟೆ. ಮೂರನೆಯ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತಳು. ಅದೇ ಕಂಪ್ಯೂಟರಿನಲ್ಲಿ ಬೇರೆಲ್ಲ ತಂತ್ರಾಂಶಗಳು ನಡೆಯುತ್ತವಲ್ಲ, ಇದೊಂದಕ್ಕೆ ಬೇಕಾದ ಆ ಫೈಲು ಏನು, ಅದನ್ನು ಇದು ಯಾಕೆ ಹುಡುಕುತ್ತದೆ ಎಂದು ಕೇಳಿದಳು. ನನಗೆ ಗೊತ್ತಿರಲಿಲ್ಲ. ಆಮೇಲೆ ಹೇಳುತ್ತೇನೆ ಎಂದು ಕೂರಿಸಿ, ಕಪ್ಪುಹಲಗೆಯ ಮೇಲೆ ಚಿತ್ರ ಬರೆದು ಪಾಠ ಮುಗಿಸಿದೆ.

ರಾತ್ರಿ ನನ್ನ ಲ್ಯಾಪ್‌ಟಾಪ್ ತೆರೆದಾಗ ಕಾರಣ ತಿಳಿಯಿತು. ಆ ತಂತ್ರಾಂಶ ಇದ್ದ ಫೋಲ್ಡರಿನಲ್ಲಿ ಹಲವು ಫೈಲುಗಳಿದ್ದವು. ಚಿತ್ರವಿದ್ದ ಒಂದನ್ನು ಮಾತ್ರ ನಕಲು ಮಾಡಿಕೊಂಡು ಹೋಗಿದ್ದೆ, ಉಳಿದವನ್ನು ಬಿಟ್ಟಿದ್ದೆ. ಬಿಟ್ಟವುಗಳಲ್ಲಿ, ಅಂತರ್ಜಾಲದ ಸೇವೆಯಿಂದ ಹೊಸ ಮಾಹಿತಿ ತರಿಸಿಕೊಳ್ಳಲು ತಂತ್ರಾಂಶಕ್ಕೆ ನೆರವಾಗುವ ಒಂದು ಲೈಬ್ರರಿ ಫೈಲೂ ಇತ್ತು. ತಪ್ಪು ಶಾಲೆಯ ಕಂಪ್ಯೂಟರಿನದಲ್ಲ, ನನ್ನದು.

ಮಾರನೆಯ ದಿನ ಮೇಡಂ ವೀಕ್ಷಣಾ ಹಾಳೆ ಕೊಟ್ಟರು. ಪರ್ಯಾಯ ಉಪಕರಣ ಸಿದ್ಧವಿರಲಿಲ್ಲ ಎಂದು ಬರೆದಿದ್ದರು. ಅದಕ್ಕಿಂತ ಮುಖ್ಯವಾಗಿ, ಆ ಹುಡುಗಿಯ ಪ್ರಶ್ನೆಗೆ ಉತ್ತರ ಬಾಕಿ ಇದೆ ಎಂದು ಕೆಳಗೆ ಗೆರೆ ಎಳೆದಿದ್ದರು. ಉತ್ತರ ಹುಡುಕುತ್ತ ಹೋದ ನನಗೆ ಸಿಕ್ಕಿದ್ದು ಒಬ್ಬ ಗಣಿತ ಶಿಕ್ಷಕಿಯ ಬದುಕು. ಅದನ್ನು ಮುಂದೆ ಎರಡು ಅವಧಿಗಳಲ್ಲಿ ಮಕ್ಕಳಿಗೆ ಹೇಳಿದೆ. ನನ್ನ ಸಹಪಾಠಿ ಪ್ರಶಿಕ್ಷಣಾರ್ಥಿಗಳಿಗೂ ಉಪಯೋಗಕ್ಕೆ ಬರಬಹುದೆಂದು ಇಲ್ಲಿ ಬರೆಯುತ್ತಿದ್ದೇನೆ.

ಬಾಲ್ಯ ಮತ್ತು ಓದು

ಗ್ರೇಸ್ ಬ್ರೂಸ್ಟರ್ ಮರ್ರೆ ಹುಟ್ಟಿದ್ದು 1906ರ ಡಿಸೆಂಬರ್ 9ರಂದು, ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ. ತಂದೆ ವಿಮಾ ವ್ಯವಹಾರ ನಡೆಸುತ್ತಿದ್ದರು. ತಾಯಿಗೆ ಗಣಿತವೆಂದರೆ ಇಷ್ಟ, ಆದರೆ ಆ ಕಾಲದ ಹೆಣ್ಣುಮಕ್ಕಳಿಗೆ ಅದನ್ನು ಓದುವ ದಾರಿ ಹೆಚ್ಚು ತೆರೆದಿರಲಿಲ್ಲ. ರಕ್ತನಾಳಗಳ ಕಾಯಿಲೆಯಿಂದ ತಂದೆ ಕಾಲುಗಳನ್ನು ಕಳೆದುಕೊಂಡು ಕೃತಕ ಕಾಲುಗಳ ಮೇಲೆ ನಡೆಯಬೇಕಾಯಿತು. ಹೆಣ್ಣುಮಕ್ಕಳು ತಮ್ಮ ಕಾಲ ಮೇಲೆ ತಾವು ನಿಲ್ಲುವಂತಾಗಬೇಕು, ಮಗನಿಗೆ ಸಿಗುವ ಓದೇ ಅವರಿಗೂ ಸಿಗಬೇಕು ಎಂದು ಅವರು ಹಠ ಹಿಡಿದರು.

ಗ್ರೇಸ್‌ಗೆ ಏಳು ವರ್ಷವಿದ್ದಾಗ ಅಲಾರಾಂ ಗಡಿಯಾರ ಹೇಗೆ ಬಡಿಯುತ್ತದೆ ಎಂದು ತಿಳಿಯುವ ಕುತೂಹಲ ಹುಟ್ಟಿತು. ಬೇಸಿಗೆ ರಜೆಯ ಮನೆಯಲ್ಲಿ ಒಂದು ಗಡಿಯಾರ ಬಿಚ್ಚಿದಳು. ಮತ್ತೆ ಜೋಡಿಸಲು ಬರಲಿಲ್ಲ. ಹೇಗೆ ಜೋಡಿಸುವುದೆಂದು ನೋಡಲು ಇನ್ನೊಂದನ್ನು ಬಿಚ್ಚಿದಳು. ಹೀಗೆ ಮನೆಯಲ್ಲಿದ್ದ ಏಳು ಗಡಿಯಾರಗಳೂ ಬಿಚ್ಚಿಹೋದವು. ತಾಯಿ ಬಯ್ದು ಸುಮ್ಮನಾಗಲಿಲ್ಲ, ಇನ್ನು ಮೇಲೆ ಒಂದು ಗಡಿಯಾರವನ್ನು ಮಾತ್ರ ಬಿಚ್ಚಬೇಕೆಂದು ನಿಯಮ ಮಾಡಿದರು. ಬಿಚ್ಚುವುದೇ ಬೇಡ ಎಂದು ಆ ತಾಯಿ ಹೇಳಲಿಲ್ಲ ಎಂಬುದನ್ನು ನಾವು ಗಮನಿಸಬೇಕು.

ಹದಿನಾರನೆಯ ವಯಸ್ಸಿನಲ್ಲಿ ವಾಸರ್ ಎಂಬ ಮಹಿಳಾ ಕಾಲೇಜಿಗೆ ಅರ್ಜಿ ಹಾಕಿದಾಗ ಲ್ಯಾಟಿನ್ ಭಾಷೆಯಲ್ಲಿ ಅಂಕ ಸಾಲದೆ ಸೀಟು ಸಿಗಲಿಲ್ಲ. ಒಂದು ವರ್ಷ ಕಾದು ಮತ್ತೆ ಪ್ರಯತ್ನಿಸಿ ಸೇರಿದರು. 1928ರಲ್ಲಿ ಗಣಿತ ಮತ್ತು ಭೌತಶಾಸ್ತ್ರದಲ್ಲಿ ಪದವಿ, 1930ರಲ್ಲಿ ಯೇಲ್ ವಿಶ್ವವಿದ್ಯಾಲಯದಿಂದ ಸ್ನಾತಕೋತ್ತರ ಪದವಿ, 1934ರಲ್ಲಿ ಅಲ್ಲಿಂದಲೇ ಗಣಿತದಲ್ಲಿ ಪಿಎಚ್.ಡಿ. 1930ರಲ್ಲಿ ವಿನ್ಸೆಂಟ್ ಹಾಪರ್ ಅವರನ್ನು ಮದುವೆಯಾದರು. 1945ರಲ್ಲಿ ವಿಚ್ಛೇದನವಾಯಿತಾದರೂ ಹಾಪರ್ ಎಂಬ ಹೆಸರು ಅವರ ಜೊತೆ ಉಳಿಯಿತು.

ವಾಸರ್ ಕಾಲೇಜಿನ ತರಗತಿ

1931ರಿಂದ ಅವರು ತಾವು ಓದಿದ ವಾಸರ್ ಕಾಲೇಜಿನಲ್ಲೇ ಗಣಿತ ಕಲಿಸತೊಡಗಿದರು. ಕಿರಿಯ ಅಧ್ಯಾಪಕಿಯಾದ್ದರಿಂದ ಹಿರಿಯರು ಬೇಡವೆಂದು ಬಿಟ್ಟ ವಿಷಯಗಳು ಅವರ ಪಾಲಿಗೆ ಬರುತ್ತಿದ್ದವು. ಅವುಗಳಿಗೇ ಹೊಸ ಜೀವ ತುಂಬಿದರು. ಬಿಡುವಿನಲ್ಲಿ ಖಗೋಳ, ಭೂಗರ್ಭಶಾಸ್ತ್ರ ಮುಂತಾದ ಬೇರೆ ವಿಭಾಗಗಳ ತರಗತಿಗಳಲ್ಲಿ ತಾವೇ ವಿದ್ಯಾರ್ಥಿಯಂತೆ ಕುಳಿತು, ಗಣಿತ ಅಲ್ಲೆಲ್ಲ ಎಲ್ಲಿ ಬೇಕಾಗುತ್ತದೆ ಎಂದು ಗುರುತು ಹಾಕಿಕೊಳ್ಳುತ್ತಿದ್ದರು.

ಸಂಭವನೀಯತೆಯ ತರಗತಿಯನ್ನು ಅವರು ಒಂದು ಗಣಿತ ಸೂತ್ರದ ವಿವರಣೆಯಿಂದ ಆರಂಭಿಸಿ, ಅದರ ಬಗ್ಗೆ ಪ್ರಬಂಧ ಬರೆದು ತರಲು ಹೇಳುತ್ತಿದ್ದರು. ಬಂದ ಪ್ರಬಂಧಗಳಲ್ಲಿ ಭಾಷೆಯ ತಪ್ಪುಗಳನ್ನೂ ತಿದ್ದುತ್ತಿದ್ದರು. ಇದು ಗಣಿತದ ತರಗತಿ, ಭಾಷೆಯದಲ್ಲ ಎಂದು ವಿದ್ಯಾರ್ಥಿನಿಯರು ತಕರಾರು ತೆಗೆಯುತ್ತಿದ್ದರು. ಕಲಿತ ಗಣಿತವನ್ನು ಇನ್ನೊಬ್ಬರಿಗೆ ತಿಳಿಯುವಂತೆ ಹೇಳಲಾಗದಿದ್ದರೆ ಅದನ್ನು ಕಲಿತು ಪ್ರಯೋಜನವಿಲ್ಲ ಎಂಬುದು ಅವರ ನಿಲುವಾಗಿತ್ತು. ಭಾಷೆಯನ್ನೂ ವಿಷಯವನ್ನೂ ಒಟ್ಟಿಗೆ ಕಲಿಸಬೇಕೆಂದು ನಾವು ಬಿ.ಇಡಿ. ತರಗತಿಯಲ್ಲಿ ಓದುವುದನ್ನು ಅವರು ಎಂಬತ್ತು ವರ್ಷಗಳಿಗೂ ಹಿಂದೆ ಮಾಡುತ್ತಿದ್ದರು.

ಯುದ್ಧ ಮತ್ತು ಮಾರ್ಕ್ 1

1941ರ ಕೊನೆಯಲ್ಲಿ ಅಮೆರಿಕ ಎರಡನೆಯ ಮಹಾಯುದ್ಧಕ್ಕೆ ಇಳಿಯಿತು. ಹಾಪರ್ ನೌಕಾಪಡೆಗೆ ಸೇರಬೇಕೆಂದರು. ವಯಸ್ಸು ಮೀರಿದೆ, ತೂಕ ಕಡಿಮೆ, ಮೇಲಾಗಿ ಗಣಿತ ಶಿಕ್ಷಕರು ದೇಶಕ್ಕೆ ಇದ್ದಲ್ಲೇ ಬೇಕು ಎಂಬ ಆಕ್ಷೇಪಗಳು ಬಂದವು. ಅವರ ತೂಕ ಸುಮಾರು 48 ಕಿಲೋ ಮಾತ್ರ. ಪಟ್ಟುಹಿಡಿದು ವಿನಾಯಿತಿ ಪಡೆದು 1943ರ ಡಿಸೆಂಬರಿನಲ್ಲಿ ಸೇರಿದರು. ತರಬೇತಿಯಲ್ಲಿ ತಮಗಿಂತ ಎಷ್ಟೋ ಚಿಕ್ಕವರ ನಡುವೆ ಮೊದಲ ಸ್ಥಾನ ಪಡೆದರು.

1944ರ ಜುಲೈನಲ್ಲಿ ಅವರನ್ನು ಹಾರ್ವರ್ಡ್ ವಿಶ್ವವಿದ್ಯಾಲಯಕ್ಕೆ ಕಳುಹಿಸಲಾಯಿತು. ಅಲ್ಲಿ ಹೊವಾರ್ಡ್ ಐಕನ್ ಅವರ ಮೇಲ್ವಿಚಾರಣೆಯಲ್ಲಿ ಮಾರ್ಕ್ 1 ಎಂಬ ಲೆಕ್ಕದ ಯಂತ್ರವಿತ್ತು. ಉದ್ದ 51 ಅಡಿ, ಎತ್ತರ 8 ಅಡಿ, ತೂಕ ಸುಮಾರು 5 ಟನ್. ಸೆಕೆಂಡಿಗೆ ಮೂರು ಕೂಡುವ ಲೆಕ್ಕ ಮಾಡುತ್ತಿತ್ತು. ಒಂದು ಗುಣಾಕಾರಕ್ಕೆ ಆರು ಸೆಕೆಂಡು, ಒಂದು ಲಾಗರಿದಮ್‌ಗೆ ಒಂದು ನಿಮಿಷಕ್ಕೂ ಹೆಚ್ಚು ಬೇಕಿತ್ತು. ಆದೇಶಗಳನ್ನು ಕಾಗದದ ಪಟ್ಟಿಯಲ್ಲಿ ತೂತು ಕೊರೆದು ಕೊಡಬೇಕಿತ್ತು.

ಹೋದ ದಿನವೇ ಐಕನ್ ಅವರು ಒಂದು ತ್ರಿಕೋನಮಿತಿ ಫಲನದ ಗುಣಾಂಕಗಳನ್ನು ಮುಂದಿನ ಗುರುವಾರದೊಳಗೆ ಲೆಕ್ಕ ಹಾಕಿ ಕೊಡಬೇಕೆಂದರು. ಯಂತ್ರವನ್ನು ಹಾಪರ್ ಆವರೆಗೆ ಕಂಡಿರಲೇ ಇಲ್ಲ. ರಿಚರ್ಡ್ ಬ್ಲಾಕ್ ಮತ್ತು ರಾಬರ್ಟ್ ಕ್ಯಾಂಪ್‌ಬೆಲ್ ಎಂಬ ಇಬ್ಬರು ಯುವಕರು ಅವರಿಗೆ ಕೆಲಸ ಕಲಿಸಿದರು. ವಯಸ್ಸಾದ ಕಾಲೇಜು ಮೇಡಂ ಒಬ್ಬರು ಬರುತ್ತಾರೆಂದು ಕೇಳಿ, ಅವರ ಪಕ್ಕದ ಮೇಜು ತಮಗೆ ಬೇಡವೆಂದು ಅಲ್ಲಿದ್ದವರು ಮೊದಲೇ ಚೌಕಾಸಿ ಮಾಡಿಕೊಂಡಿದ್ದರಂತೆ. ಹಾಪರ್ ಅವರೇ ಮುಂದೆ ಇದನ್ನು ನಗುತ್ತ ಹೇಳಿಕೊಂಡಿದ್ದಾರೆ. ಕೆಲವೇ ದಿನಗಳಲ್ಲಿ ಅವರು ಆ ತಂಡದ ಮುಖ್ಯ ಆಧಾರವಾದರು. ಯಂತ್ರದ ಬಳಕೆಯ ಕೈಪಿಡಿಯನ್ನು ಬರೆಯುವ ಕೆಲಸ ಅವರ ಮೇಲೆ ಬಿತ್ತು. 1946ರಲ್ಲಿ ಅದು 500ಕ್ಕೂ ಹೆಚ್ಚು ಪುಟಗಳ ಪುಸ್ತಕವಾಗಿ ಬಂತು.

ಯಂತ್ರದೊಳಗೆ ಸಿಕ್ಕ ಪತಂಗದ ಕಥೆಯನ್ನು ನಮ್ಮಲ್ಲಿ ಹಲವರು ಕೇಳಿರುತ್ತೇವೆ. 1947ರ ಸೆಪ್ಟೆಂಬರ್ 9ರಂದು ಮಾರ್ಕ್ 2 ಯಂತ್ರದ ರಿಲೇಯಲ್ಲಿ ಒಂದು ಪತಂಗ ಸಿಕ್ಕಿತು, ಅದನ್ನು ದಿನಚರಿ ಪುಸ್ತಕಕ್ಕೆ ಅಂಟಿಸಲಾಯಿತು. ಆದರೆ ಅದನ್ನು ಹಿಡಿದವರು ಹಾಪರ್ ಅಲ್ಲ. ದೋಷಕ್ಕೆ ಬಗ್ ಎನ್ನುವ ಪದವೂ ಅದಕ್ಕೆ ಎಷ್ಟೋ ಹಿಂದಿನದು. ಕಥೆಯನ್ನು ಜನಪ್ರಿಯಗೊಳಿಸಿದವರು ಅವರು, ಅಷ್ಟೆ. ತರಗತಿಯಲ್ಲಿ ಹೇಳುವಾಗ ಈ ವ್ಯತ್ಯಾಸವನ್ನು ತಪ್ಪದೆ ಹೇಳಬೇಕು.

ನೋಟ್‌ಬುಕ್ಕುಗಳ ನಕಲು

ಹುಡುಗಿಯ ಪ್ರಶ್ನೆಯ ಬೇರು ಇರುವುದು ಇಲ್ಲಿಯೇ. ಮಾರ್ಕ್ 1ರಲ್ಲಿ ಕೆಲಸ ಮಾಡುತ್ತಿದ್ದವರಿಗೆ ಸೈನ್, ಲಾಗರಿದಮ್ ಮುಂತಾದ ಲೆಕ್ಕಗಳು ಮತ್ತೆ ಮತ್ತೆ ಬೇಕಾಗುತ್ತಿದ್ದವು. ಒಮ್ಮೆ ಸರಿಯಾಗಿ ಬರೆದು ಪರೀಕ್ಷಿಸಿದ ಆದೇಶಗಳ ತುಂಡನ್ನು ಅವರು ತಮ್ಮ ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಳ್ಳುತ್ತಿದ್ದರು. ಒಬ್ಬರಿಗೆ ಬೇಕಾದರೆ ಇನ್ನೊಬ್ಬರ ನೋಟ್‌ಬುಕ್ಕಿನಿಂದ ನೋಡಿ ನಕಲು ಮಾಡಿಕೊಳ್ಳುತ್ತಿದ್ದರು. ಇಂಥ ತುಂಡಿಗೆ ಸಬ್‌ರೂಟೀನ್ ಎನ್ನುತ್ತಾರೆ.

ನಾವು ಬಿ.ಎಸ್ಸಿ. ಪ್ರಯೋಗಾಲಯದಲ್ಲಿ ಬಳಸುತ್ತಿದ್ದ ಲಾಗ್ ಪುಸ್ತಕವನ್ನು ನೆನೆಯಿರಿ. ಯಾರೋ ಒಮ್ಮೆ ಲೆಕ್ಕ ಮಾಡಿ ಅಚ್ಚು ಹಾಕಿಸಿದ್ದನ್ನು ನಾವೆಲ್ಲ ಬಳಸುತ್ತೇವೆ. ಪ್ರತಿ ಪ್ರಯೋಗಕ್ಕೂ ಲಾಗರಿದಮ್ಮನ್ನು ಮೊದಲಿನಿಂದ ಕಂಡುಹಿಡಿಯುತ್ತ ಕೂರುವುದಿಲ್ಲ. ಸಬ್‌ರೂಟೀನಿನ ಉದ್ದೇಶವೂ ಅದೇ.

ಆದರೆ ಕೈಯಲ್ಲಿ ನಕಲು ಮಾಡುವುದರಲ್ಲಿ ಎರಡು ತೊಂದರೆಗಳನ್ನು ಹಾಪರ್ ಕಂಡರು. ಮೊದಲನೆಯದು ನೋಡಿ ಬರೆಯುವಾಗಿನ ತಪ್ಪು. ಅವಸರದ ಕೈಬರಹದಲ್ಲಿ ಇಂಗ್ಲಿಷಿನ ಬಿ ಅಕ್ಷರ 13 ಆಗಿಬಿಡುತ್ತಿತ್ತು, 4 ಎಂಬ ಅಂಕಿ ಬೇರೆ ಗುರುತಾಗುತ್ತಿತ್ತು. ಎರಡನೆಯದು ಕೂಡುವಾಗಿನ ತಪ್ಪು. ಆದೇಶಗಳು ಯಂತ್ರದ ಮೆಮೊರಿಯಲ್ಲೇ ಕೂರುವ ಮುಂದಿನ ಪೀಳಿಗೆಯ ಕಂಪ್ಯೂಟರುಗಳು ಬಂದಾಗ ಇದು ದೊಡ್ಡದಾಯಿತು. ಒಂದು ಸಬ್‌ರೂಟೀನನ್ನು ಬರೆಯುವಾಗ ಅದು ಸೊನ್ನೆಯ ಸ್ಥಾನದಿಂದ ಆರಂಭವಾಗುತ್ತದೆ ಎಂದುಕೊಂಡು ಬರೆಯುತ್ತಾರೆ. ಅದರೊಳಗೆ 2ನೇ ಸ್ಥಾನಕ್ಕೆ ಹೋಗು ಎಂಬ ಆದೇಶವಿದೆ ಎನ್ನೋಣ. ಆ ತುಂಡನ್ನು ನಮ್ಮ ದೊಡ್ಡ ಪ್ರೋಗ್ರಾಮಿನಲ್ಲಿ 300ನೇ ಸ್ಥಾನದಿಂದ ಇಟ್ಟರೆ ಆ ಆದೇಶವನ್ನು 302ನೇ ಸ್ಥಾನಕ್ಕೆ ಹೋಗು ಎಂದು ತಿದ್ದಬೇಕು. ಅದರೊಳಗಿನ ಪ್ರತಿ ವಿಳಾಸಕ್ಕೂ 300 ಕೂಡಬೇಕು. ಒಂದು ಕಡೆ ಮರೆತರೆ ಇಡೀ ಲೆಕ್ಕ ದಾರಿ ತಪ್ಪುತ್ತದೆ.

ಕೆಟ್ಟ ದಿನಗಳು

ಯುದ್ಧ ಮುಗಿದ ಮೇಲೆ ವಾಸರ್ ಕಾಲೇಜು ಅವರನ್ನು ಪ್ರಾಧ್ಯಾಪಕಿಯಾಗಿ ಮರಳಿ ಕರೆಯಿತು. ಅವರು ಒಪ್ಪದೆ ಯಂತ್ರದ ಬಳಿಯೇ ಉಳಿದರು. ನೌಕಾಪಡೆಯ ಕಾಯಂ ಸೇವೆಗೆ ಕೇಳಿದರೆ ವಯಸ್ಸಾಯಿತೆಂದು ಅರ್ಜಿ ತಿರಸ್ಕೃತವಾಯಿತು. ಹಾರ್ವರ್ಡ್‌ನಲ್ಲಿ ಅಂಥ ಕೆಲಸಕ್ಕೆ ಮಹಿಳೆಯರಿಗೆ ಕಾಯಂ ಹುದ್ದೆ ಇರಲಿಲ್ಲ. 1949ಕ್ಕೆ ಅಲ್ಲಿನ ಅವಧಿ ಮುಗಿಯಿತು.

ಮದುವೆ ಮುರಿದಿತ್ತು, ಕೆಲಸದ ಒತ್ತಡ ವರ್ಷಗಟ್ಟಲೆ ಎಡೆಬಿಡದೆ ಇತ್ತು. ಈ ವರ್ಷಗಳಲ್ಲಿ ಹಾಪರ್ ಮದ್ಯಪಾನಕ್ಕೆ ಸಿಲುಕಿದರು. 1949ರಲ್ಲಿ ಒಮ್ಮೆ ಪೊಲೀಸರ ವಶಕ್ಕೂ ಹೋಗಬೇಕಾಯಿತು. ಗೆಳೆಯರು ಅವರನ್ನು ಬಿಟ್ಟುಕೊಡಲಿಲ್ಲ. ನೇರವಾಗಿ ಮಾತಾಡಿ, ಪತ್ರ ಬರೆದು, ಸಹಾಯ ಪಡೆಯಲು ಒತ್ತಾಯಿಸಿದರು. ಅವರು ಮತ್ತೆ ಕೆಲಸಕ್ಕೆ ಮರಳಿದರು. ಈ ಭಾಗವನ್ನು ನಾನು ಒಂಬತ್ತನೇ ತರಗತಿಯ ಮಕ್ಕಳಿಗೆ ಹೇಳಲಿಲ್ಲ. ಆದರೆ ಶಿಕ್ಷಕರಾಗುವ ನಾವು ತಿಳಿದಿರಬೇಕು. ಪಠ್ಯದಲ್ಲಿ ಒಂದು ಪ್ಯಾರಾ ಆಗಿ ಬರುವ ದೊಡ್ಡವರ ಬದುಕಿನಲ್ಲಿಯೂ, ಇನ್ನು ಮುಂದೆ ಆಗುವುದಿಲ್ಲ ಎನಿಸುವ ದಿನಗಳು ಇದ್ದವು.

ಯಂತ್ರಕ್ಕೆ ವಹಿಸಿದ ಕೆಲಸ

1949ರಲ್ಲಿಯೇ ಅವರು ಫಿಲಡೆಲ್ಫಿಯಾದ ಎಕರ್ಟ್–ಮಾಕ್ಲಿ ಕಂಪನಿಗೆ ಸೇರಿದರು. ಅಲ್ಲಿ ಯೂನಿವ್ಯಾಕ್ ಎಂಬ ಕಂಪ್ಯೂಟರ್ ಸಿದ್ಧವಾಗುತ್ತಿತ್ತು. ಮರುವರ್ಷ ಆ ಕಂಪನಿಯನ್ನು ರೆಮಿಂಗ್ಟನ್ ರ‍್ಯಾಂಡ್ ಸಂಸ್ಥೆ ಕೊಂಡುಕೊಂಡಿತು. ಮೊದಲ ಯೂನಿವ್ಯಾಕ್ 1951ರಲ್ಲಿ ಅಮೆರಿಕದ ಜನಗಣತಿ ಇಲಾಖೆಗೆ ಹೋಯಿತು. ಅದರ ಮೆಮೊರಿಯಲ್ಲಿದ್ದದ್ದು 1000 ಸ್ಥಾನಗಳು, ಒಂದೊಂದರಲ್ಲಿ 12 ಅಕ್ಷರ. ಇಂದಿನ ಒಂದು ಫೋಟೋ ಕೂಡ ಅದರಲ್ಲಿ ಹಿಡಿಯುವುದಿಲ್ಲ. ಅಲ್ಲಿ ಬೆಟ್ಟಿ ಹೋಲ್ಬರ್ಟನ್ ಎಂಬ ಸಹೋದ್ಯೋಗಿ, ತಾನೇ ಇನ್ನೊಂದು ಪ್ರೋಗ್ರಾಮನ್ನು ಬರೆದುಕೊಡುವ ಪ್ರೋಗ್ರಾಮೊಂದನ್ನು ಸಿದ್ಧಪಡಿಸಿದ್ದರು. ಅದು ಹಾಪರ್ ಅವರ ಯೋಚನೆಗೆ ದಾರಿ ತೋರಿಸಿತು.

ಇದೇ ಹೊತ್ತಿಗೆ ಇಂಗ್ಲೆಂಡಿನ ಕೇಂಬ್ರಿಜ್‌ನಲ್ಲಿ ಮಾರಿಸ್ ವಿಲ್ಕ್ಸ್, ಡೇವಿಡ್ ವೀಲರ್ ಮತ್ತು ಸ್ಟ್ಯಾನ್ಲಿ ಗಿಲ್ ಎಂಬವರು ಎಡ್ಸ್ಯಾಕ್ ಎಂಬ ಯಂತ್ರಕ್ಕಾಗಿ ಸಬ್‌ರೂಟೀನುಗಳ ಕಾಗದದ ಪಟ್ಟಿಗಳನ್ನು ಬೀರುವಿನಲ್ಲಿ ಜೋಡಿಸಿ ಲೈಬ್ರರಿ ಮಾಡಿಟ್ಟಿದ್ದರು. 1951ರಲ್ಲಿ ಅದರ ಬಗ್ಗೆ ಪುಸ್ತಕವನ್ನೂ ಪ್ರಕಟಿಸಿದರು. ಆದ್ದರಿಂದ ಲೈಬ್ರರಿಯ ಕಲ್ಪನೆ ಹಾಪರ್ ಒಬ್ಬರದೇ ಎನ್ನುವುದು ಸರಿಯಲ್ಲ. ಅವರು ಇಟ್ಟ ಮುಂದಿನ ಹೆಜ್ಜೆ ಬೇರೆ. ಬೀರುವಿನಿಂದ ತೆಗೆದು, ನಕಲು ಮಾಡಿ, ವಿಳಾಸ ಕೂಡುವ ಕೆಲಸವನ್ನೇ ಕಂಪ್ಯೂಟರಿಗೆ ವಹಿಸಿದರೆ ಹೇಗೆ ಎಂದು ಅವರು ಕೇಳಿಕೊಂಡರು. ನಕಲು ಮಾಡುವುದೂ ಕೂಡುವುದೂ ಕಂಪ್ಯೂಟರಿಗೆ ಚೆನ್ನಾಗಿ ಬರುವ ಕೆಲಸಗಳೇ ತಾನೆ.

1951–52ರಲ್ಲಿ ಎ-0 ಎಂಬ ವ್ಯವಸ್ಥೆ ಸಿದ್ಧವಾಯಿತು. ಪ್ರತಿ ಸಬ್‌ರೂಟೀನಿಗೂ ಒಂದು ಕರೆಸಂಖ್ಯೆ ಕೊಟ್ಟು ಕಾಂತೀಯ ಟೇಪಿನಲ್ಲಿ ಇಟ್ಟರು. ಗ್ರಂಥಾಲಯದಲ್ಲಿ ಪುಸ್ತಕಕ್ಕೆ ಸಂಖ್ಯೆ ಇರುವಂತೆಯೇ ಇದು. ಪ್ರೋಗ್ರಾಂ ಬರೆಯುವವರು ಬೇಕಾದ ಕರೆಸಂಖ್ಯೆಗಳನ್ನು ಅನುಕ್ರಮವಾಗಿ ಬರೆದುಕೊಟ್ಟರೆ ಸಾಕು. ಯಂತ್ರವೇ ಟೇಪಿನಲ್ಲಿ ಆ ತುಂಡುಗಳನ್ನು ಹುಡುಕಿ, ನಕಲು ಮಾಡಿ, ವಿಳಾಸಗಳನ್ನು ತಿದ್ದಿ, ಒಂದರ ಹಿಂದೆ ಒಂದನ್ನು ಜೋಡಿಸಿ ಪೂರ್ಣ ಪ್ರೋಗ್ರಾಂ ಮಾಡಿಕೊಡುತ್ತಿತ್ತು. ಇದಕ್ಕೆ ಅವರು ಕಂಪೈಲರ್ ಎಂದು ಹೆಸರಿಟ್ಟರು. ಹಲವರ ಬರಹಗಳನ್ನು ಸೇರಿಸಿ ಸಂಕಲನ ಮಾಡುವುದು ಎಂಬ ಅರ್ಥ ಆ ಪದಕ್ಕಿದೆ. ಇಂದಿನ ಪರಿಭಾಷೆಯಲ್ಲಿ ಎ-0 ಮಾಡುತ್ತಿದ್ದದ್ದು ಲಿಂಕರ್ ಮತ್ತು ಲೋಡರ್ ಎನ್ನುವ ತಂತ್ರಾಂಶಗಳ ಕೆಲಸ.

ಅದರಲ್ಲಿ ಒಂದು ತೊಡಕು ಬಂತು. ಇನ್ನೂ ಜೋಡಿಸದ, ಮುಂದೆ ಬರಲಿರುವ ತುಂಡಿಗೆ ಹೋಗು ಎಂದು ಆದೇಶವಿದ್ದರೆ ಏನು ಮಾಡುವುದು? ಆ ತುಂಡು ಯಾವ ಸ್ಥಾನದಲ್ಲಿ ಕೂರುತ್ತದೆಂದು ಆಗ ಗೊತ್ತಿರುವುದಿಲ್ಲ. ಹಾಪರ್ ಅವರಿಗೆ ಕಾಲೇಜಿನಲ್ಲಿ ಆಡಿದ ಬಾಸ್ಕೆಟ್‌ಬಾಲ್ ನೆನಪಾಯಿತು. ಆಗಿನ ಮಹಿಳೆಯರ ನಿಯಮದಲ್ಲಿ ಚೆಂಡನ್ನು ತಟ್ಟುತ್ತ ಓಡುವಂತಿರಲಿಲ್ಲ. ಜೊತೆಗಾತಿಗೆ ಎಸೆದು, ತಾನು ಮುಂದೆ ಓಡಿ, ಅವಳಿಂದ ಮತ್ತೆ ಪಡೆಯಬೇಕಿತ್ತು. ಹಾಗೆಯೇ ಮೆಮೊರಿಯ ಕೊನೆಯಲ್ಲಿ ಒಂದು ಮೂಲೆಯನ್ನು ಕಾದಿರಿಸಿ, ಮುಂದಿನ ತುಂಡಿಗೆ ಹೋಗುವ ಆದೇಶವನ್ನು ಸದ್ಯಕ್ಕೆ ಆ ಮೂಲೆಗೆ ಎಸೆದರು. ಆ ತುಂಡು ಬಂದು ಕುಳಿತ ಮೇಲೆ ಮೂಲೆಯಿಂದ ಅದರ ಸರಿಯಾದ ವಿಳಾಸಕ್ಕೆ ದಾರಿ ಮಾಡಿಕೊಟ್ಟರು. ಆಟದ ಮೈದಾನದ ಅನುಭವ ಗಣಿತದ ಸಮಸ್ಯೆಯನ್ನು ಬಿಡಿಸಿತು.

1952ರ ಮೇ ತಿಂಗಳಲ್ಲಿ ಪಿಟ್ಸ್‌ಬರ್ಗ್‌ನ ಸಮ್ಮೇಳನದಲ್ಲಿ ಇದರ ಬಗ್ಗೆ ಪ್ರಬಂಧ ಓದಿದರು. ಆ ಪ್ರಬಂಧದ ಶೀರ್ಷಿಕೆಯ ಅರ್ಥ ಕಂಪ್ಯೂಟರಿನ ಶಿಕ್ಷಣ ಎಂದು. ಶಿಕ್ಷಕಿಯ ಮನಸ್ಸು ಅಲ್ಲಿಯೂ ಇತ್ತು. ಆದರೆ ಬಹಳ ಜನ ನಂಬಲಿಲ್ಲ. ಕಂಪ್ಯೂಟರ್ ಲೆಕ್ಕ ಮಾಡಬಹುದೇ ಹೊರತು ಪ್ರೋಗ್ರಾಂ ಬರೆಯಲಾರದು ಎಂದರು. ಹಾಪರ್ ವಾದಿಸುತ್ತ ಕೂರದೆ ಕೆಲಸ ಮುಂದುವರಿಸಿದರು. 1953ರ ಎ-2 ಆವೃತ್ತಿಯನ್ನು ಗ್ರಾಹಕರಿಗೆ ಒಳಗಿನ ಬರಹದ ಸಮೇತ ಕೊಟ್ಟು, ಸುಧಾರಣೆಗಳಿದ್ದರೆ ಕಳುಹಿಸಿ ಎಂದು ಕೇಳಿದರು.

ಮೂರು ಭಾಷೆಯ ಪ್ರಯೋಗ

ಲೆಕ್ಕಪತ್ರದವರಿಗೆ ಗಣಿತದ ಚಿಹ್ನೆಗಳು ಹಿಡಿಸುವುದಿಲ್ಲ, ಅವರು ದಿನನಿತ್ಯದ ಪದಗಳಲ್ಲೇ ಆದೇಶ ಕೊಡುವಂತಾಗಬೇಕು ಎಂಬುದು ಅವರ ಮುಂದಿನ ವಿಚಾರ. ಇದನ್ನು ಆಡಳಿತ ಮಂಡಳಿಗೆ ತೋರಿಸಲು ಒಂದು ಚಿಕ್ಕ ಪ್ರೋಗ್ರಾಮನ್ನು ಇಂಗ್ಲಿಷಿನಲ್ಲಿ ಬರೆದು, ಅದನ್ನೇ ಫ್ರೆಂಚ್ ಮತ್ತು ಜರ್ಮನ್ ಪದಗಳಲ್ಲಿಯೂ ನಡೆಸಬಹುದೆಂದು ತೋರಿಸಿದರು. ಮಂಡಳಿಯವರು ಗಾಬರಿಯಾದರು. ಅಮೆರಿಕದಲ್ಲಿ ತಯಾರಾದ ಕಂಪ್ಯೂಟರಿಗೆ ಫ್ರೆಂಚ್, ಜರ್ಮನ್ ಹೇಗೆ ತಿಳಿದೀತು ಎಂಬುದು ಅವರ ಅನುಮಾನ. ಯಂತ್ರಕ್ಕೆ ಎಲ್ಲ ಭಾಷೆಯೂ ಒಂದೇ, ಅದು ನೋಡುವುದು ಗುರುತುಗಳನ್ನು ಮಾತ್ರ ಎಂಬ ಸರಳ ವಿಷಯವನ್ನು ಅವರಿಗೆ ತಿಳಿಸಲು ತಿಂಗಳುಗಳೇ ಬೇಕಾದವು. ಕನ್ನಡ ಮಾಧ್ಯಮದ ನನ್ನ ಮಕ್ಕಳಿಗೆ ಇಡೀ ಕಥೆಯಲ್ಲಿ ಅತಿ ಹೆಚ್ಚು ಇಷ್ಟವಾದ ಭಾಗ ಇದು.

ಈ ಪ್ರಯತ್ನದಿಂದ ಫ್ಲೋ-ಮ್ಯಾಟಿಕ್ ಎಂಬ ಭಾಷೆ ಬಂತು. 1959ರ ಮೇ ತಿಂಗಳಲ್ಲಿ ಅಮೆರಿಕದ ರಕ್ಷಣಾ ಇಲಾಖೆಯ ಕಚೇರಿಯಲ್ಲಿ ನಡೆದ ಸಭೆಯ ನಂತರ, ಎಲ್ಲ ಕಂಪನಿಗಳ ಯಂತ್ರಗಳಲ್ಲಿಯೂ ನಡೆಯುವ ಕೋಬಾಲ್ ಭಾಷೆ ರೂಪುಗೊಂಡಿತು. ಅದನ್ನು ಒಂದು ಸಮಿತಿ ರಚಿಸಿತು. ಹಾಪರ್ ಸಲಹೆಗಾರರಾಗಿದ್ದರು, ಅವರ ಫ್ಲೋ-ಮ್ಯಾಟಿಕ್ ಅದಕ್ಕೆ ಮುಖ್ಯ ಆಧಾರವಾಯಿತು.

ಮತ್ತೆ ನೌಕಾಪಡೆ

1966ರ ಕೊನೆಯಲ್ಲಿ ವಯಸ್ಸಿನ ಕಾರಣಕ್ಕೆ ಅವರನ್ನು ನೌಕಾಪಡೆಯ ಮೀಸಲು ಸೇವೆಯಿಂದ ನಿವೃತ್ತಿಗೊಳಿಸಲಾಯಿತು. 1967ರ ಆಗಸ್ಟಿನಲ್ಲಿ ಆರು ತಿಂಗಳ ಕೆಲಸಕ್ಕೆಂದು ಮತ್ತೆ ಕರೆಸಿಕೊಂಡರು. ಬೇರೆ ಬೇರೆ ಕಂಪನಿಗಳ ಕೋಬಾಲ್ ಒಂದಕ್ಕೊಂದು ಹೊಂದದೆ ತೊಂದರೆಯಾಗಿತ್ತು. ಅದನ್ನು ಒಂದು ಮಾನದಂಡಕ್ಕೆ ತರುವ, ಸರಿಯಿದೆಯೇ ಎಂದು ಪರೀಕ್ಷಿಸುವ ಕೆಲಸ ಅವರದಾಯಿತು. ಆರು ತಿಂಗಳೆಂದದ್ದು ಸುಮಾರು ಹತ್ತೊಂಬತ್ತು ವರ್ಷಗಳವರೆಗೆ ಬೆಳೆಯಿತು.

ಈ ವರ್ಷಗಳಲ್ಲಿ ಅವರು ಊರೂರು ಸುತ್ತಿ ಉಪನ್ಯಾಸ ಕೊಟ್ಟರು. ನ್ಯಾನೋಸೆಕೆಂಡ್ ಎಂದರೆ ಎಷ್ಟು ಎಂದು ತೋರಿಸಲು ಸುಮಾರು 30 ಸೆಂಟಿಮೀಟರ್ ಉದ್ದದ ತಂತಿಯ ತುಂಡುಗಳನ್ನು ಕೇಳುಗರಿಗೆ ಹಂಚುತ್ತಿದ್ದರು. ಒಂದು ನ್ಯಾನೋಸೆಕೆಂಡಿನಲ್ಲಿ ಬೆಳಕು ಹೋಗಬಹುದಾದ ಗರಿಷ್ಠ ದೂರ ಅದು. ಮೈಕ್ರೋಸೆಕೆಂಡ್ ತೋರಿಸಲು ಸುಮಾರು 300 ಮೀಟರ್ ತಂತಿಯ ಸುರುಳಿಯನ್ನೇ ಎತ್ತಿ ಹಿಡಿಯುತ್ತಿದ್ದರು. ಸಾವಿರ ಪಟ್ಟು ಎನ್ನುವುದು ಕಣ್ಣಿಗೆ ಕಾಣುತ್ತಿತ್ತು. ಬೋಧನೋಪಕರಣಕ್ಕೆ ಇದಕ್ಕಿಂತ ಕಡಿಮೆ ಖರ್ಚಿನ, ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ. ಅವರ ಕೋಣೆಯ ಗಡಿಯಾರ ಹಿಂದುಮುಂದಾಗಿ ತಿರುಗುತ್ತಿತ್ತು. ಹೀಗೇ ಮಾಡಿಕೊಂಡು ಬಂದಿದ್ದೇವೆ ಎನ್ನುವುದೊಂದೇ ಕಾರಣವಾಗಬಾರದು ಎಂದು ತೋರಿಸಲು ಅದನ್ನು ಇಟ್ಟುಕೊಂಡಿದ್ದರು.

1986ರ ಆಗಸ್ಟ್ 14ರಂದು, ತಮ್ಮ 79ನೇ ವಯಸ್ಸಿನಲ್ಲಿ, ರಿಯರ್ ಅಡ್ಮಿರಲ್ ಹುದ್ದೆಯಿಂದ ನಿವೃತ್ತರಾದರು. ಆಮೇಲೂ ಒಂದು ಕಂಪ್ಯೂಟರ್ ಸಂಸ್ಥೆಗೆ ಸಲಹೆಗಾರರಾಗಿ ಉಪನ್ಯಾಸ ಮುಂದುವರಿಸಿದರು. 1991ರಲ್ಲಿ ಅಮೆರಿಕದ ರಾಷ್ಟ್ರೀಯ ತಂತ್ರಜ್ಞಾನ ಪದಕ ಬಂತು. 1992ರ ಜನವರಿ 1ರಂದು ತೀರಿಕೊಂಡರು.

ಅಲ್ಲಿಂದ ಡಿಎಲ್‌ಎಲ್ ಫೈಲಿಗೆ

ಎ-0 ಸಬ್‌ರೂಟೀನನ್ನು ಪ್ರತಿ ಪ್ರೋಗ್ರಾಮಿನೊಳಗೂ ನಕಲು ಮಾಡಿ ಕೂರಿಸುತ್ತಿತ್ತು. ಹತ್ತು ಪ್ರೋಗ್ರಾಮಿಗೆ ಬೇಕಾದರೆ ಹತ್ತು ನಕಲು. 1960ರ ದಶಕದಲ್ಲಿ ಮಲ್ಟಿಕ್ಸ್ ಎಂಬ ವ್ಯವಸ್ಥೆಯನ್ನು ಕಟ್ಟಿದವರು ಒಂದೇ ನಕಲನ್ನು ಇಟ್ಟು, ಪ್ರೋಗ್ರಾಂ ನಡೆಯುವಾಗಲೇ ಅದಕ್ಕೆ ಸಂಪರ್ಕ ಕೊಡುವ ವಿಧಾನ ತಂದರು. ಇಂದು ವಿಂಡೋಸ್‌ನಲ್ಲಿ ಇಂಥ ಹಂಚಿಕೆಯ ಲೈಬ್ರರಿಗಳು ಡಿಎಲ್‌ಎಲ್ ಎಂಬ ಕೊನೆಯಕ್ಷರಗಳಿಂದ, ಲಿನಕ್ಸ್‌ನಲ್ಲಿ ಎಸ್‌ಒ ಎಂಬುದರಿಂದ ಗುರುತಾಗುತ್ತವೆ. ತಂತ್ರಾಂಶವನ್ನು ತೆರೆದಾಗ ಅದಕ್ಕೆ ಬೇಕಾದ ಲೈಬ್ರರಿಗಳ ಹೆಸರಿನ ಪಟ್ಟಿಯನ್ನು ಕಾರ್ಯಾಚರಣ ವ್ಯವಸ್ಥೆ ಓದುತ್ತದೆ, ನಿಗದಿಯಾದ ಫೋಲ್ಡರುಗಳಲ್ಲಿ ಹುಡುಕುತ್ತದೆ, ಮೆಮೊರಿಗೆ ತಂದು ವಿಳಾಸಗಳನ್ನು ಜೋಡಿಸುತ್ತದೆ. ಪಟ್ಟಿಯಲ್ಲಿರುವ ಒಂದು ಸಿಗದಿದ್ದರೂ ತಂತ್ರಾಂಶ ಏಳುವುದಿಲ್ಲ. ನನ್ನ ತರಗತಿಯಲ್ಲಿ ಆದದ್ದು ಇದೇ.

ಲಿಬ್‌ಕರ್ಲ್ ಎಂಬ ಲೈಬ್ರರಿ ತಂತ್ರಾಂಶಗಳು ಅಂತರ್ಜಾಲದ ಸೇವೆಗಳೊಡನೆ ಮಾಹಿತಿ ಕೊಟ್ಟು ತೆಗೆದುಕೊಳ್ಳಲು ನೆರವಾಗುತ್ತದೆ. ಲಿಬ್ರೆ ಆಫೀಸ್ ಮತ್ತು ಫೈರ್‌ಫಾಕ್ಸ್ ಎರಡೂ ಕನ್ನಡದ ಒತ್ತಕ್ಷರಗಳನ್ನು ಸರಿಯಾಗಿ ಮೂಡಿಸಲು ಹಾರ್ಫ್‌ಬಜ್ ಎಂಬ ಲೈಬ್ರರಿಯ ನೆರವು ಪಡೆಯುತ್ತವೆ. ಪ್ರತಿ ತಂತ್ರಾಂಶದವರೂ ಸಂಪರ್ಕದ ನಿಯಮಗಳನ್ನೋ ಒತ್ತಕ್ಷರದ ನಿಯಮಗಳನ್ನೋ ಮೊದಲಿನಿಂದ ಬರೆಯಬೇಕಿಲ್ಲ. ಹಂಚಿಕೆಯ ಒಂದು ಕಡೆ ದೋಷ ತಿದ್ದಿದರೆ ಬಳಸುವ ಎಲ್ಲರಿಗೂ ತಿದ್ದಿದಂತೆ. ಒಂದು ಕಡೆ ಕೆಟ್ಟರೆ ಎಲ್ಲರಿಗೂ ತೊಂದರೆ. ಊರಿಗೆಲ್ಲ ಒಂದೇ ನೀರಿನ ಟ್ಯಾಂಕ್ ಇದ್ದ ಹಾಗೆ.

ಮರಳಿ ನನ್ನ ತರಗತಿಗೆ

ಮುಂದಿನ ಅವಧಿಯ ಮೊದಲ ಮಾತಾಗಿ, ಅಂದು ಕಂಪ್ಯೂಟರ್ ಹಳೆಯದೆಂದು ನಾನು ಹೇಳಿದ್ದು ನಿಜವಲ್ಲ, ಫೈಲುಗಳನ್ನು ಬಿಟ್ಟು ಬಂದದ್ದು ನಾನೇ ಎಂದು ಒಪ್ಪಿಕೊಂಡೆ. ಹೇಳುವ ಮೊದಲು ಭಯವಿತ್ತು. ಮಕ್ಕಳು ನಗಬಹುದು, ಇನ್ನು ನನ್ನ ಮಾತು ನಂಬಲಿಕ್ಕಿಲ್ಲ ಎನಿಸಿತ್ತು. ಹಾಗೇನೂ ಆಗಲಿಲ್ಲ. ಹುಡುಗನೊಬ್ಬ ತಾನೂ ಅಣ್ಣನ ಕಂಪ್ಯೂಟರಿನಿಂದ ಆಟವೊಂದನ್ನು ಹಾಗೆಯೇ ನಕಲು ಮಾಡಿ ಮೋಸ ಹೋದದ್ದನ್ನು ಹೇಳಿದ.

ನಂತರ ಚಟುವಟಿಕೆ. ಹನ್ನೆರಡು ಸಾಲಿನ ಆದೇಶಗಳ ಚೀಟಿಯೊಂದನ್ನು ಐದು ಗುಂಪುಗಳಿಗೆ ಕೊಟ್ಟೆ. ಅದನ್ನು 300ನೇ ಸ್ಥಾನದಿಂದ ಆರಂಭವಾಗುವಂತೆ ತಿದ್ದಿ ನಕಲು ಮಾಡಿ, ಒಬ್ಬರಿಂದ ಒಬ್ಬರಿಗೆ ದಾಟಿಸಬೇಕಿತ್ತು. ಮೂರು ಗುಂಪುಗಳ ನಕಲಿನಲ್ಲಿ ತಪ್ಪು ಬಂತು. ಒಂದರಲ್ಲಿ 307 ಇದ್ದದ್ದು 301 ಆಗಿತ್ತು, ಇನ್ನೆರಡರಲ್ಲಿ ಕೂಡುವುದು ಮರೆತಿತ್ತು. ಈ ತಪ್ಪುಗಳನ್ನು ಕಪ್ಪುಹಲಗೆಯ ಮೇಲೆ ಬರೆದು ಹಾಪರ್ ಅವರ ಕಥೆಗೆ ಹೋದೆ. ಲೈಬ್ರರಿ ಯಾಕೆ ಬೇಕಾಯಿತು ಎಂದು ನಾನು ಹೇಳುವ ಮೊದಲೇ ಮಕ್ಕಳು ಹೇಳಿದರು.

ಕೊನೆಗೆ ಪೂರ್ತಿ ಫೋಲ್ಡರನ್ನು ತಂದು ಅದೇ ಕಂಪ್ಯೂಟರಿನಲ್ಲಿ ಹಾಕಿದೆವು. ಕಂಪ್ಯೂಟರ್ ಕೋಣೆಯಲ್ಲಿ ಮೌಸ್ ಸಾಮಾನ್ಯವಾಗಿ ಮುಂದಿನ ಹುಡುಗರ ಕೈಯಲ್ಲೇ ಇರುತ್ತದೆ, ಹುಡುಗಿಯರು ಹಿಂದೆ ನಿಂತು ನೋಡುತ್ತಾರೆ. ಇದನ್ನು ನಾನು ಮೊದಲ ವಾರದಲ್ಲಿ ಗಮನಿಸಿಯೂ ಸುಮ್ಮನಿದ್ದೆ. ಈ ಸಲ ಪ್ರಶ್ನೆ ಕೇಳಿದ ಹುಡುಗಿಯನ್ನೇ ಕರೆದು ಕೂರಿಸಿದೆ. ಅವಳು ತಂತ್ರಾಂಶ ತೆರೆಯಲಿಲ್ಲ. ಮೊದಲು ಫೋಲ್ಡರ್ ತೆರೆದು ಡಿಎಲ್‌ಎಲ್ ಫೈಲುಗಳನ್ನು ಒಂದೊಂದಾಗಿ ಎಣಿಸಿದಳು. ಒಂದನ್ನು ತೆಗೆದು ಬೇರೆ ಕಡೆ ಇಟ್ಟು, ಆಗ ಏನಾಗುತ್ತದೆ ನೋಡಬಹುದೇ ಎಂದು ಕೇಳಿದಳು. ಅವಧಿ ಮುಗಿಯಲು ಹತ್ತು ನಿಮಿಷವಿತ್ತು, ಗ್ರಹಗಳ ಚಲನೆ ತೋರಿಸುವುದು ಇನ್ನೂ ಬಾಕಿ ಇತ್ತು. ಗಡಿಯಾರ ಬಿಚ್ಚಿದ ಮಗಳ ತಾಯಿ ನೆನಪಾದರು. ಒಂದನ್ನು ಮಾತ್ರ ತೆಗೆದು ನೋಡು ಎಂದೆ.